ಹೊಂಡ ತೋಡಿಸಿದವಳು

ಬೀಜಾಡಿಯ ಕಡಲಿಗೆ ಹೋಗುವ ನಮ್ಮ ಓಣಿಯ ತಿರುವಿನಲ್ಲಿ ಹಳದಿ ಬಣ್ಣದ ಒಂದು ಬೋರ್ಡು ನಿಂತಿದೆ. ‘ನಾಗಸನ್ನಿಧಿ. ಇಲ್ಲಿ ಪಟಾಕಿ, ಗರ್ನಾಲು ಸಿಡಿಸಬಾರದು’ ಎಂದು ಅದರಲ್ಲಿ ಬರೆದಿದೆ. ಕೆಳಗೆ ನಮ್ಮ ಯುವಕ ಸಂಘದ ಹೆಸರು, ಅದರ ಕೆಳಗೆ ಅಧ್ಯಕ್ಷರ ಹೆಸರು, ಪಕ್ಕದಲ್ಲಿ ಅಧ್ಯಕ್ಷರ ಫೋಟೊ. ಫೋಟೊ ನಾಗನ ಚಿತ್ರಕ್ಕಿಂತ ಸ್ವಲ್ಪ ದೊಡ್ಡದಾಗಿಯೇ ಬಂದಿದೆ. ಯಾರಿಂದಾಗಿ ಈ ಬೋರ್ಡು ಅಲ್ಲಿ ನಿಂತಿತೋ ಅವಳ ಹೆಸರು ಮಾತ್ರ ಎಲ್ಲಿಯೂ ಇಲ್ಲ. ಇದ್ದಿದ್ದರೆ ಅವಳೇ ಒದ್ದೆ ಬಟ್ಟೆ ತಂದು ಒರೆಸಿಬಿಡುತ್ತಿದ್ದಳು. ಯಾರೋ ನಮ್ಮ ಹೆಸರು ಬರೆದುಕೊಂಡು ಹೋದರೆ ಅದು ಒಳ್ಳೆಯದಕ್ಕಲ್ಲ ಎಂದು ಚಿಕ್ಕಂದಿನಲ್ಲೇ ಕಲಿತವಳು ಅವಳು. ಹಾಗಾಗಿ ನಾನೂ ಇಲ್ಲಿ ಅವಳ ಹೆಸರು ಬರೆಯುವುದಿಲ್ಲ.

ಈ ಸಲದ ಮಳೆಗಾಲ ಮುಗಿಯುವ ಹೊತ್ತಿಗೆ ಅವಳು ತೀರಿಕೊಂಡಳು. ನಮ್ಮಿಬ್ಬರ ಮನೆಗಳ ನಡುವೆ ಇದ್ದದ್ದು ಒಂದು ಮೋಟು ಗೋಡೆ. ಆ ಗೋಡೆಯ ಮೇಲಿಂದ ಇಪ್ಪತ್ತು ಚಿಲ್ಲರೆ ವರ್ಷ ಸಾರು, ಸುದ್ದಿ, ಕರಿಬೇವು, ಜಗಳ ಎಲ್ಲವೂ ಆಚೆ ಈಚೆ ದಾಟಿವೆ. ನಾನು ಕೋಟೇಶ್ವರದ ಒಂದು ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನ ಕಲಿಸಿ ನಿವೃತ್ತಳಾದವಳು. ಎರಡು ಮಹಾಯುದ್ಧಗಳನ್ನು ವರ್ಷ ವರ್ಷವೂ ‘ಕಾರಣ ಐದು, ಪರಿಣಾಮ ಐದು’ ಎಂದು ಕಪ್ಪು ಹಲಗೆಯ ಮೇಲೆ ಮುಗಿಸಿ, ಕೈಯ ಸೀಮೆಸುಣ್ಣ ಕೊಡವಿಕೊಂಡು ಊಟಕ್ಕೆ ಹೋದವಳು. ಅವಳು ಮನೆಯಲ್ಲೇ ಮಕ್ಕಳಿಗೆ ಗಣಿತದ ಟ್ಯೂಷನ್ ಹೇಳುತ್ತಿದ್ದಳು. ಒಂದು ದಿನ ನಾನು ಉತ್ತರ ಪತ್ರಿಕೆ ತಿದ್ದುತ್ತಿದ್ದಾಗ ಗೋಡೆಯಾಚೆಯಿಂದ ಇಣುಕಿ ನೋಡಿ ಕೇಳಿದಳು:

“ಅಕ್ಕ, ಪರಿಣಾಮ ಐದೇಯಾ?”

“ಪರೀಕ್ಷಿಗೆ ಐದ್ ಸಾಕ್ ಮಾರಾಯ್ತಿ” ಅಂದೆ.

“ಅಷ್ಟ್ರೊಳ್ಗೆ ಮುಗ್ದ್ರೆ ಒಳ್ಳೇದೇ ಬಿಡಿ” ಎಂದು ಒಗೆದ ಬಟ್ಟೆ ಹಿಂಡತೊಡಗಿದಳು. ವ್ಯಂಗ್ಯವೋ ಅಲ್ಲವೋ ಅವಳ ಮುಖ ನೋಡಿ ಹೇಳುವುದು ಕಷ್ಟ. ಆ ಮುಖಕ್ಕೆ ಅಷ್ಟು ತರಬೇತಿಯಾಗಿತ್ತು.

ಅವಳು ಹುಟ್ಟಿದ್ದು ಶ್ರೀಲಂಕಾದ ಉತ್ತರದ ಒಂದು ಹಳ್ಳಿಯಲ್ಲಿ. ಅಲ್ಲಿ ಯುದ್ಧ ಜೋರಾದಾಗ ಅಪ್ಪ ಅಮ್ಮನೊಂದಿಗೆ ದೋಣಿ ಹತ್ತಿ ತಮಿಳುನಾಡಿನ ಕಡಲ ಕರೆಗೆ ಬಂದು, ನಿರಾಶ್ರಿತರ ಶಿಬಿರದಲ್ಲಿ ಬೆಳೆದಳು. ಒಂದೇ ಕೋಣೆ, ನಡುವೆ ಸೀರೆ ಕಟ್ಟಿ ಎರಡು ಸಂಸಾರ. ಶಾಲೆಯಲ್ಲಿ ಊರಿನ ಮಕ್ಕಳ ಹಾಜರಿ ಕರೆದು ಮುಗಿದ ಮೇಲೆ ಶಿಬಿರದ ಮಕ್ಕಳ ಹಾಜರಿ. ಗಣಿತ ಹಿಡಿದದ್ದು ಯಾಕೆ ಎಂದು ನಾನೊಮ್ಮೆ ಕೇಳಿದ್ದಕ್ಕೆ, ಕಡಲಿನ ಆಚೆಯೂ ಈಚೆಯೂ ಬದಲಾಗದೆ ಇದ್ದದ್ದು ಅದೊಂದೇ ಅಂದಿದ್ದಳು.

ನಮ್ಮ ಕಡೆಯ ಗಂಡಸರ ವಿಷಯ ಎಲ್ಲರಿಗೂ ಗೊತ್ತು. ಎರಡು ಬೆಂಚು ಹಾಕುವಷ್ಟು ಜಾಗ ಸಿಕ್ಕಿದರೆ ಯಾವ ಊರಾದರೂ ಸರಿ, ಹೋಟೆಲ್ ಇಟ್ಟುಬಿಡುತ್ತಾರೆ. ಹಾಗೆ ಆ ಶಿಬಿರದ ಪಕ್ಕದ ಪೇಟೆಯಲ್ಲಿ ಹೋಟೆಲ್ ಇಟ್ಟಿದ್ದ ಬೀಜಾಡಿಯವನೊಬ್ಬ ಇವಳನ್ನು ಮೆಚ್ಚಿ ಮದುವೆಯಾದ. ಊರಿನಲ್ಲಿ ತನ್ನ ಅಪ್ಪನಿಗೆ ಕೈಕಾಲು ಬಿದ್ದ ಸುದ್ದಿ ಬಂದ ಮೇಲೆ ಹೋಟೆಲನ್ನು ಯಾರಿಗೋ ವಹಿಸಿ ಹೆಂಡತಿಯನ್ನು ಕರೆದುಕೊಂಡು ಊರಿಗೆ ಬಂದ. ಬಂದ ದಿನವೇ ಓಣಿಯ ಹೆಂಗಸರೆಲ್ಲ ಜಗಲಿಯಲ್ಲಿ ಸೇರಿದರು. ಕಾಫಿ ಬರುವ ಮುಂಚೆಯೇ ಪ್ರಶ್ನೆ ಬಂತು.

“ಹೆಣ್ಣೆ, ನಿಮ್ ಮೂಲ ಎಲ್ಲಾಯ್ತ್?”

ಮೂಲವೆಂದರೆ ಕುಟುಂಬದ ಮೊದಲ ಮನೆ, ಕುಟುಂಬದ ನಾಗನ ಕಲ್ಲು ಇರುವ ಜಾಗ. ನಮ್ಮಲ್ಲಿ ಮುಂಬಯಿಯಲ್ಲಿ ಹುಟ್ಟಿ ಅಲ್ಲೇ ಮುದುಕನಾದವನಿಗೂ ಇಲ್ಲಿ ಎಲ್ಲೋ ಒಂದು ಬೇಲಿಯ ಸಂದಿಯಲ್ಲಿ ಒಂದು ಮೂಲವಿರುತ್ತದೆ. ಈ ಪ್ರಶ್ನೆಯೊಂದನ್ನು ಕೇಳಿದರೆ ಜಾತಿ, ಆಸ್ತಿ, ಅಂತಸ್ತು ಎಲ್ಲವೂ ಒಂದೇ ಉತ್ತರದಲ್ಲಿ ಹೊರಗೆ ಬರುತ್ತವೆ, ಕೇಳಿದವರ ಮರ್ಯಾದೆಯೂ ಉಳಿಯುತ್ತದೆ. ಆಗ ಅವಳಿಗೆ ನಮ್ಮ ಭಾಷೆ ಬರುತ್ತಿರಲಿಲ್ಲ. ಏನು ಕೇಳಿದರೆಂದು ಅಂದಾಜು ಮಾಡಿ ಸುಮ್ಮನೆ ಕಡಲಿನತ್ತ ಕೈ ತೋರಿಸಿದಳು. ನಮ್ಮ ಕಡಲಿನ ಆಚೆ ಇರುವುದು ಅರಬರ ನಾಡು. ಆದರೆ ಅವತ್ತಿನಿಂದ ನಮ್ಮ ಓಣಿಯ ಮುದುಕಿಯರು ಲಂಕೆ ಬೀಜಾಡಿಗೆ ನೇರ ಎದುರಿಗಿದೆ ಎಂದು ನಂಬಿದರು. ಕಣ್ಣು ಚೆನ್ನಾಗಿರುವವರಿಗೆ ಮೋಡವಿಲ್ಲದ ದಿನ ಕಾಣುತ್ತದೆ ಎಂದೂ ಹೇಳಿಕೊಂಡರು. ಮಕ್ಕಳು ಬಂದು ಅಶೋಕವನ ಹೇಗಿದೆ ಎಂದು ಕೇಳಿದವು. ನಾನು ಭೂಪಟ ತಂದು ತೋರಿಸಿದೆ. ಭೂಪಟವನ್ನು ಯಾರೂ ನಂಬಲಿಲ್ಲ.

ಅವಳ ಅತ್ತೆ ಮೊದಲು ಮುಖ ಗಂಟಿಕ್ಕಿಕೊಂಡರು, ಆಮೇಲೆ ಅವಳನ್ನು ಬಿಟ್ಟಿರಲಾರದವರಾದರು. ಸೊಸೆಗೆ ಭಾಷೆ ಕಲಿಸಿದ್ದು ಅವರೇ. ಹಾಗಾಗಿ ನಮ್ಮ ಮನೆಗಳ ಮಕ್ಕಳು ಮಮ್ಮಿ ಡ್ಯಾಡಿ ಎನ್ನುವ ಕಾಲಕ್ಕೆ ಅವಳ ಬಾಯಲ್ಲಿ ನಮ್ಮ ಅಜ್ಜಿಯಂದಿರ ಕುಂದಾಪ್ರ ಕನ್ನಡ ಇತ್ತು, ತಮಿಳಿನ ಒಂದು ಸಣ್ಣ ಎಳೆತದ ಜೊತೆಗೆ. ಅತ್ತೆ ಎಲ್ಲರ ಎದುರೂ ಹೊಗಳುತ್ತಿದ್ದರು: “ನಮ್ ಸೊಸಿ ಕಾಲ್ ಚಾಚಿ ಕೂತದ್ದ್ ನಾನ್ ಒಂದ್ ದಿನಾ ಕಂಡಿಲ್ಲೆ. ಸಂಸ್ಕಾರ ಅಂದ್ರೆ ಅದ್.” ನಿಜವೇ. ನೆಲದ ಮೇಲಾಗಲಿ, ಬಸ್ಸಿನ ಸೀಟಿನಲ್ಲಾಗಲಿ, ಅವಳು ಕಾಲನ್ನು ಹೊಟ್ಟೆಗೆ ಎಳೆದುಕೊಂಡೇ ಕೂರುತ್ತಿದ್ದಳು. ಪಕ್ಕದಲ್ಲಿ ಯಾವಾಗಲೂ ಇನ್ನೊಬ್ಬರಿಗೆ ಜಾಗ ಖಾಲಿ ಇರುತ್ತಿತ್ತು.

ಅವಳ ಇನ್ನೊಂದು ಅಭ್ಯಾಸವೂ ಊರಿಗೆ ಹಿಡಿಸಿತು. ದಿನಾ ಮುಸ್ಸಂಜೆ ಏನು ಕೆಲಸವಿದ್ದರೂ ಬಿಟ್ಟು ಬಂದು ಮನೆಯ ಮೆಟ್ಟಿಲ ಮೇಲೆ ಸ್ವಲ್ಪ ಹೊತ್ತು ನಿಲ್ಲುತ್ತಿದ್ದಳು. ಗಂಡನ ದಾರಿ ಕಾಯುವುದೆಂದರೆ ಹೀಗೆ ಎಂದು ನಮ್ಮ ಹೆಂಗಸರು ತಮ್ಮ ಸೊಸೆಯಂದಿರಿಗೆ ತೋರಿಸಿದರು. ಗಂಡ ಆಗ ಹೈವೇ ಬದಿಯ ಹೋಟೆಲಿನಲ್ಲಿ ಬನ್ಸ್ ಕರಿಯುತ್ತಿದ್ದ, ರಾತ್ರಿಯಾಗದೆ ಮನೆಗೆ ಬರುವವನಲ್ಲ. ಶಿಬಿರದಲ್ಲಿ ಸಂಜೆ ಅಧಿಕಾರಿಗಳು ತಲೆ ಎಣಿಸಲು ಬರುತ್ತಿದ್ದರಂತೆ, ಆ ಹೊತ್ತಿಗೆ ಬಾಗಿಲಲ್ಲಿ ಇಲ್ಲದವರ ರೇಷನ್ನು ನಿಲ್ಲುತ್ತಿತ್ತಂತೆ. ಯಾರೂ ಎಣಿಸಲು ಬಾರದ ಬೀಜಾಡಿಯಲ್ಲೂ ಅವಳ ಕಾಲು ಹೊತ್ತಿಗೆ ಸರಿಯಾಗಿ ಹೋಗಿ ಮೆಟ್ಟಿಲ ಮೇಲೆ ನಿಲ್ಲುತ್ತಿತ್ತು. ಪತಿವ್ರತೆ ಎಂಬ ಹೆಸರು ಬೇಡವೆನ್ನಲು ಅವಳೇನೂ ದಡ್ಡಿಯಲ್ಲ.

ಊರಿಗೆ ಹಿಡಿಸದೆ ಹೋದದ್ದು ಮದುವೆ ಊಟದಲ್ಲಿ ಅವಳ ನಡತೆ. ನಮ್ಮ ಛತ್ರಗಳ ಪದ್ಧತಿ ನೋಡಿದವರಿಗೆ ಗೊತ್ತು. ಮೊದಲ ಪಂಕ್ತಿಯವರು ಅನ್ನಕ್ಕೆ ಕೈ ಹಾಕುವಷ್ಟರಲ್ಲಿ ಎರಡನೇ ಪಂಕ್ತಿಯವರು ಬಂದು ಅವರ ಕುರ್ಚಿಯ ಬೆನ್ನು ಹಿಡಿದು ನಿಂತಿರುತ್ತಾರೆ. ಉಣ್ಣುವವರು ಬೆನ್ನಿಗೆ ಬೀಳುವ ಉಸಿರನ್ನು ಲೆಕ್ಕಿಸದೆ ಹೋಳಿಗೆ ಮುಗಿಸಿ, ಪಾಯಸ ಸುರಿದು, ಮಜ್ಜಿಗೆ ಕುಡಿದು, ಬೇಕೆಂದೇ ಇನ್ನೊಂದು ಸಲ ಉಪ್ಪಿನಕಾಯಿ ಹಾಕಿಸಿಕೊಳ್ಳುತ್ತಾರೆ. ನಿಂತವರೂ ಬೇಸರ ಮಾಡುವುದಿಲ್ಲ, ತಮಗೂ ಈ ಕಾಲ ಬರುತ್ತದೆಂದು ಅವರಿಗೆ ಗೊತ್ತು. ಅವಳಿಗೆ ಮಾತ್ರ ಬೆನ್ನ ಹಿಂದೆ ಯಾರಾದರೂ ನಿಂತರೆ ತುತ್ತು ಇಳಿಯುತ್ತಿರಲಿಲ್ಲ. ತಿರುಗಿ “ಬನ್ನಿ, ಜಾಗ ಇತ್ತ್, ಒತ್ತಿ ಕೂಕಂಬ” ಎಂದು ಅರ್ಧ ಕುರ್ಚಿ ಬಿಟ್ಟು ಸರಿಯುತ್ತಿದ್ದಳು. ರೇಷ್ಮೆ ಸೀರೆ ಉಟ್ಟು ಬಂದವರು ಯಾರಾದರೂ ಅರ್ಧ ಕುರ್ಚಿಯಲ್ಲಿ ಕೂತು ಉಣ್ಣುತ್ತಾರೆಯೇ? ಅವರು ಮುಖ ತಿರುಗಿಸಿದರೆ ಇವಳು ಎಲೆ ಮಡಚಿ ಎದ್ದೇಬಿಡುತ್ತಿದ್ದಳು. ಮದುವೆಯ ಮನೆಯವರಿಗೆ ಅವಮಾನ. ಊಟದ ಮರ್ಯಾದೆ ಗೊತ್ತಿಲ್ಲದ ಜನ ಎಂದು ಹಿಂದಿನಿಂದ ಮಾತಾಯಿತು. ನಾನೂ ಅವಳಿಗೆ ಬುದ್ಧಿ ಹೇಳಿ ನೋಡಿದೆ. ತಲೆಯಾಡಿಸಿದಳು, ಮುಂದಿನ ಮದುವೆಯಲ್ಲಿ ಮತ್ತೆ ಅದನ್ನೇ ಮಾಡಿದಳು.

ಇನ್ನು ಶಬ್ದದ ವಿಷಯ. ನಮ್ಮ ಊರಿನಲ್ಲಿ ಸಂತೋಷ ಎಂಬುದು ಕಿವಿಗೆ ಕೇಳಿಸದಿದ್ದರೆ ಅದು ಸಂತೋಷವಲ್ಲ. ದಿಬ್ಬಣ ಬಂತು, ಗರ್ನಾಲು. ಭಾರತ ಗೆದ್ದಿತು, ಗರ್ನಾಲು. ಪಂಚಾಯತಿ ಚುನಾವಣೆಯಲ್ಲಿ ಗೆದ್ದವನದ್ದು ಒಂದು, ಸೋತವನ ಮನೆಯ ಎದುರಿಗೆ ಇನ್ನೆರಡು. ಯಾರದೋ ಮಗ ಹತ್ತನೇ ಕ್ಲಾಸು ಪಾಸಾದ, ಯಾರದೋ ಲಾರಿಗೆ ಪೂಜೆಯಾಯಿತು, ಸಂಘಕ್ಕೆ ಹೊಸ ಕೇರಂ ಬೋರ್ಡು ಬಂತು, ಎಲ್ಲದಕ್ಕೂ ಗರ್ನಾಲು. ಗರ್ನಾಲೆಂದರೆ ಪಟಾಕಿಯ ಅಜ್ಜ. ಹೊಡೆದರೆ ಹಂಚು ಅದುರುತ್ತದೆ, ತೆಂಗಿನ ಮರದ ಕಾಗೆಗಳು ಕೋಟೇಶ್ವರದವರೆಗೆ ಹೋಗಿ ಬರುತ್ತವೆ. ಪ್ರತಿ ಹೊಡೆತಕ್ಕೂ ಅವಳು ಇದ್ದಲ್ಲೇ ಕುಸಿದು, ಎರಡು ಕೈಯಲ್ಲೂ ತಲೆ ಮುಚ್ಚಿಕೊಳ್ಳುತ್ತಿದ್ದಳು. ಒಲೆಯ ಮೇಲೆ ಹಾಲಿದ್ದರೆ ಉಕ್ಕಿ ಹೋಗುತ್ತಿತ್ತು.

ಯಾರೋ ದೊಡ್ಡ ಮನುಷ್ಯರು ಕುಂದಾಪುರಕ್ಕೆ ಹೆಲಿಕಾಪ್ಟರಿನಲ್ಲಿ ಬಂದ ದಿನ ನೆನಪಿದೆ. ಊರಿಗೆ ಊರೇ ಬಯಲಿಗೆ ಬಂದು ಆಕಾಶ ನೋಡುತ್ತ ಕೈ ಬೀಸುತ್ತಿತ್ತು. ಅವಳು ಮಾತ್ರ ಟ್ಯೂಷನ್ನಿನ ಅಷ್ಟೂ ಮಕ್ಕಳನ್ನು ಎಳೆದುಕೊಂಡು ಮಂಚದ ಕೆಳಗೆ ಸೇರಿಸಿ, ಹಾಸಿಗೆಗಳನ್ನು ಸುತ್ತ ಅಡ್ಡ ಇಟ್ಟು, ತಾನು ಬಾಯಿಗೆ ಕೈ ಅಡ್ಡ ಹಿಡಿದು ಬಾಗಿಲಲ್ಲಿ ಕೂತಿದ್ದಳು. ಮಕ್ಕಳಿಗೆ ಖುಷಿಯೋ ಖುಷಿ. ತಂದೆತಾಯಂದಿರು ಜಗಳಕ್ಕೆ ಬಂದರು. ಅವರ ಸಿಟ್ಟಿಗೆ ಕಾರಣ ಮಕ್ಕಳಿಗೆ ಹೆಲಿಕಾಪ್ಟರು ನೋಡಲು ಸಿಗಲಿಲ್ಲ ಎಂಬುದು.

ಮದ್ದಿಗೆ ನಮ್ಮ ಊರಿನಲ್ಲಿ ಬರಗಾಲವಿಲ್ಲ. ಒಬ್ಬರು ಗಾಳಿ ಸೋಂಕು ಎಂದು ನೂಲು ಕಟ್ಟಿದರು. ಕುಂದಾಪುರದ ಡಾಕ್ಟರು ನಿದ್ದೆಗುಳಿಗೆ ಬರೆದು ಟೆನ್ಷನ್ ಮಾಡಬೇಡಿ ಎಂದರು. ಟೆನ್ಷನ್ನನ್ನು ತಾನು ಮಾಡಿದ್ದಲ್ಲ, ಬೇರೆಯವರು ಮಾಡಿಕೊಟ್ಟದ್ದು ಎಂದು ಅವಳು ಅವರಿಗೆ ಹೇಳಿದಳಂತೆ. ಕೊನೆಗೆ ಸಂಘದ ಅಧ್ಯಕ್ಷರ ಹತ್ತಿರವೇ ಹೋದಳು. ಜೊತೆಗೆ ನಾನೂ ಹೋಗಿದ್ದೆ.

“ಹೊಡಿಬ್ಯಾಡಿ ಅಂದೇಳಿ ನಾನ್ ಹೇಳುದಿಲ್ಲೆ. ಹೊಡುಕ್ ಮುಂಚೆ ಒಂದ್ ಸೂಚ್ನೆ ಕೊಡಿ, ಅಷ್ಟೇ” ಅಂದಳು.

ಅಧ್ಯಕ್ಷರಿಗೆ ಕರುಳು ಚುರುಕ್ ಎಂದಿತು. ಅವರು ಕೆಟ್ಟವರಲ್ಲ, ಅಧ್ಯಕ್ಷರು ಅಷ್ಟೇ. ಕಾರ್ಯಕಾರಿ ಸಮಿತಿ ಸೇರಿತು, ಚಹಾ ಅಂಬಡೆ ಆಯಿತು, ಟ್ಯೂಷನ್ ಟೀಚರಮ್ಮನಿಗೆ ಸೂಚನೆ ಕೊಡಬೇಕೆಂದು ಎಲ್ಲರೂ ಒಪ್ಪಿದರು. ಮುಂದಿನ ಕ್ರಿಕೆಟ್ ಪಂದ್ಯ ಗೆದ್ದ ದಿನ ಸೂಚನೆಯೂ ಬಂತು. ದೊಡ್ಡ ಗರ್ನಾಲು ಹೊಡೆಯುವ ಮುಂಚೆ, ಸೂಚನೆಗೆಂದು, ಅವಳ ಗೇಟಿನ ಹತ್ತಿರವೇ ಬಂದು ಒಂದು ಸಣ್ಣ ಗರ್ನಾಲು ಹೊಡೆದರು.

ಅದಾದ ಮೇಲೆಯೇ ಅವಳು ಹೊಂಡ ತೋಡಿಸಿದ್ದು.

ಹಿತ್ತಿಲ ಮೂಲೆಯಲ್ಲಿ ಕೆಲಸ ಶುರುವಾದ ದಿನವೇ ಓಣಿಯ ಕೆಲಸಗಳೆಲ್ಲ ನಿಂತವು. ಬಾವಿ ತೋಡುವವರನ್ನು ಕೆರಾಡಿ ಕಡೆಯಿಂದ ಕರೆಸಿದ್ದಳು. ಬಾವಿಯೇ ಎಂದರೆ ಬಾವಿ ಆಗಲೇ ಇದೆ. ಪಾಯಿಖಾನೆಯ ಗುಂಡಿಯೇ ಎಂದರೆ ಅದೂ ಇದೆ. ನಿಧಿ ಇರಬೇಕು, ಲಂಕೆಯವರಿಗೆ ಬಂಗಾರದ ವಾಸನೆ ಗೊತ್ತಾಗುತ್ತದೆ ಎಂದು ಒಬ್ಬರು. ಮೀನು ಸಾಕುವುದಕ್ಕೆ ಸರಕಾರದ ಸಹಾಯ ಬಂದಿರಬೇಕು ಎಂದು ಇನ್ನೊಬ್ಬರು, ತಮಗೆ ಬಾರದ ಸಂಕಟಕ್ಕೆ. ನಮ್ಮದು ಬರೀ ಹೊಯಿಗೆ, ಮರಳು ನೆಲ, ಸೊಂಟದಾಳ ಹೋಗುವಷ್ಟರಲ್ಲಿ ನೀರು ಜಿನುಗುತ್ತದೆ. ಅವಳು ಅಲ್ಲಿಗೆ ನಿಲ್ಲಿಸಿ, ಕಡಲು ಕೊರೆಯದಂತೆ ಇಟ್ಟು ಮಿಕ್ಕಿದ್ದ ಚೀಲಗಳಿಗೆ ಹೊಯಿಗೆ ತುಂಬಿಸಿ ಸುತ್ತ ಎತ್ತರಿಸಿದಳು. ಮೇಲೆ ತೆಂಗಿನ ಕಾಂಡಗಳನ್ನು ಒತ್ತೊತ್ತಾಗಿ ಹಾಸಿ ಮತ್ತೆ ಚೀಲ. ಒಳಗೆ ಇಳಿಯುವ ದಾರಿ ನೇರ ಇರದೆ ಒಂದು ತಿರುವು ಇತ್ತು. ಹೊರಗೆ ಸಿಡಿದದ್ದು ನೇರ ಒಳಗೆ ಬರಬಾರದು, ಅದಕ್ಕೆ ಎಂದಳು. ತೋಡುವವರಿಗೆ ಒಂದೇ ತಕರಾರು. “ಒಬ್ಳ್ ಕೂಕಂಬುಕೆ ಇಷ್ಟ್ ದೊಡ್ದ್ ಎಂತಕಮ್ಮ? ಇದ್ರೊಳ್ಗೆ ಮದಿ ದಿಬ್ಬಣ ಕೂರ್ಸ್ಲಕ್ಕಲೆ” ಅಂದರು. ನಾನೂ ಕೇಳಿದೆ. ಮಳೆಗಾಲದಲ್ಲಿ ಕಟ್ಟಿಗೆ ಇಡಲಿಕ್ಕಾಗುತ್ತದೆ ಎಂದು ಮಾತು ಹಾರಿಸಿದಳು. ಅವಳ ಗಂಡ ಮಾತ್ರ ಏನೂ ಕೇಳಲಿಲ್ಲ. ಯಾರಾದರೂ ನಕ್ಕರೆ “ಅವ್ಳಿಗ್ ಸಮಾಧಾನ ಆರೆ ಆಯ್ತಲೆ, ನಿಮ್ಗೆಂತ?” ಎಂದು ಬನ್ಸಿನ ಹಿಟ್ಟು ನಾದುತ್ತಿದ್ದ. ನನಗೆ ಅವನ ಬಗ್ಗೆ ಗೌರವ ಬಂದದ್ದು ಆಗ.

ದೀಪಾವಳಿಗೆ, ಚುನಾವಣೆಗೆ, ಕ್ರಿಕೆಟ್ಟಿಗೆ ಅವಳು ಒಂದು ಚಾಪೆ, ಒಂದು ಫ್ಲಾಸ್ಕು ಹಿಡಿದು ಹೊಂಡಕ್ಕೆ ಇಳಿಯುತ್ತಿದ್ದಳು. ಮಕ್ಕಳು ಅಲ್ಲೇ ಟ್ಯೂಷನ್ ಮಾಡಿ ಎಂದು ಹಟ ಹಿಡಿದವು. ಊರು ನಗುತ್ತ ನಗುತ್ತ ಅಭ್ಯಾಸ ಮಾಡಿಕೊಂಡಿತು.

ಅಷ್ಟರಲ್ಲಿ ಬೀಜಾಡಿಗೆ ಪ್ರವಾಸಿಗರು ಬರತೊಡಗಿದರು. ಅವಳ ಮನೆಯ ಆಚೆ ಬದಿಯ ಜಾಗದಲ್ಲಿ ನಮ್ಮ ಅಧ್ಯಕ್ಷರೇ ಒಂದು ಹೋಂ ಸ್ಟೇ ಕಟ್ಟಿಸಿದರು. ಮಹಡಿಯ ಕಿಟಕಿ ತೆರೆದರೆ ಕಡಲು ಕಾಣಬೇಕಿತ್ತು, ಕಡಲಿಗಿಂತ ಮೊದಲು ಇವಳ ಹೊಯಿಗೆ ಚೀಲ ಕಾಣುತ್ತಿತ್ತು. ಬಂದ ಅತಿಥಿಗಳು ಅದೇನೆಂದು ಕೇಳುತ್ತಾರೆ, ಹೇಳಿದರೆ ಹೆದರಿ ಕೋಣೆ ಬಿಡುತ್ತಾರೆ. ಸೊಳ್ಳೆ, ಆರೋಗ್ಯ, ಊರಿನ ಹೆಸರು ಎಂದೆಲ್ಲ ಪಂಚಾಯತಿಯಲ್ಲಿ ಮಾತಾಯಿತು. ಹೊಂಡ ಮುಚ್ಚಬೇಕೆಂದು ತೀರ್ಮಾನವಾಯಿತು. ಅವಳು ಬೇಡಿದಳು, ನಾನು ಜಗಳವಾಡಿದೆ, ಗಂಡ ಹೋಟೆಲು ಬಿಟ್ಟು ಓಡಾಡಿದ. ಯಾವುದೂ ನಡೆಯಲಿಲ್ಲ. ಅವಳು ಅಳುವುದನ್ನು ನಾನು ನೋಡಿದ್ದು ಆ ವಾರ ಒಂದೇ. “ಮನಿ ಬೇಕಾರ್ ತಕಣ್ಲಿ ಅಕ್ಕ, ಹೊಂಡ ಬ್ಯಾಡ” ಎನ್ನುತ್ತಿದ್ದಳು. ಇಷ್ಟು ಹಟ ಯಾಕೆ ಎಂದು ನನಗೂ ಅರ್ಥವಾಗಿರಲಿಲ್ಲ.

ಒಂದು ಬೆಳಿಗ್ಗೆ ಜೆಸಿಬಿ ಬಂದೇಬಿಟ್ಟಿತು. ಹಿಂದೆ ಅಧ್ಯಕ್ಷರು, ಅವರ ಹಿಂದೆ ನೋಡಲು ಬಂದ ಊರು. ಬೇಲಿ ಕಿತ್ತು ಒಳಗೆ ಬಂದ ಜೆಸಿಬಿಯ ಎದುರು ಅವಳು ಬಂದು ನಿಂತಳು. ನಾನು ಗೋಡೆಯ ಈಚೆ ಇದ್ದೆ. ಮುಖದಲ್ಲಿ ಅಳುವಿಲ್ಲ, ಸಿಟ್ಟಿಲ್ಲ. ಗಣಿತದ ಲೆಕ್ಕ ಬಿಡಿಸಿ ಉತ್ತರ ಹೇಳುವ ದನಿಯಲ್ಲಿ ಹೇಳಿದಳು:

“ಒಳ್ಗೆ ನಾಗ ಇದ್ದ.”

ಜೆಸಿಬಿಯ ಡ್ರೈವರು ಎಂಜಿನ್ ನಿಲ್ಲಿಸಿದ. ಕೆಳಗಿಳಿದು ಚಪ್ಪಲಿ ಬಿಟ್ಟ. ಕೈ ಮುಗಿದ. ಅಧ್ಯಕ್ಷರ ಮುಖ ಸುಣ್ಣದಂತಾಯಿತು, ಯಾಕೆಂದರೆ ಮುಚ್ಚಿಸಲು ಹೊರಟವರು ಅವರೇ, ನಾಗದೋಷ ಬಂದರೆ ಬರುವುದು ಅವರ ಹೋಂ ಸ್ಟೇಗೇ. ಇಣುಕಿ ನೋಡೋಣವೆಂದು ಒಬ್ಬನೇ ಒಬ್ಬನೂ ಹೇಳಲಿಲ್ಲ. ಹಾವೋ ಹಗ್ಗವೋ, ಹೊಂಡದಲ್ಲಿ ಏನಿದೆ ಎಂದು ನೋಡಿದವಳು ಅವಳೊಬ್ಬಳೇ. ಒಂದು ಹೆಣ್ಣು ಹೆದರುತ್ತಾಳೆ ಎಂದರೆ ನಿಲ್ಲದ ಯಂತ್ರ, ಕಾಣದ ಒಂದು ಹಾವಿಗೆ ನಿಂತಿತು.

ಆಮೇಲಿನದ್ದು ನಮ್ಮ ಊರಿಗೆ ಚೆನ್ನಾಗಿ ಗೊತ್ತಿರುವ ಕೆಲಸ. ಜೋಯಿಸರನ್ನು ಕರೆಸಿ ಪ್ರಶ್ನೆ ಇಡಿಸಿದರು. ಅಧ್ಯಕ್ಷರೇ ಮುಂದೆ ನಿಂತು ಎಲ್ಲ ಏರ್ಪಾಡು ಮಾಡಿದರು. ಜೋಯಿಸರು ಕವಡೆ ಸರಿಸಿ, ಕಣ್ಣು ಮುಚ್ಚಿ, ಕಣ್ಣು ತೆರೆದು, ಇದು ಬಹಳ ಹಳೆಯ ಸಾನ್ನಿಧ್ಯ ಎಂದರು. ಈ ಜಾಗದ ಕುಟುಂಬವೊಂದು ಏಳು ತಲೆಮಾರಿನ ಹಿಂದೆ ನಾಗನನ್ನು ಬಿಟ್ಟು ಕಡಲು ದಾಟಿ ಹೋಗಿದೆ. ನಾಗ ಅವರನ್ನು ಬಿಡಲಿಲ್ಲ. ಆ ಕುಟುಂಬದ ಹೆಣ್ಣನ್ನು ತಿರುಗಿ ಇಲ್ಲಿಗೆ ಎಳೆದು ತಂದಿದ್ದಾನೆ.

ಜನ ಒಮ್ಮೆಲೇ ಅವಳತ್ತ ತಿರುಗಿದರು. ಬಂದ ದಿನ ಅವಳು ಕಡಲಿನತ್ತ ಕೈ ತೋರಿಸಿದ್ದು ಓಣಿಯ ಮುದುಕಿಯರಿಗೆ ನೆನಪಿತ್ತು. “ಅವತ್ತೇ ಹೇಳಿದ್ಲಲೆ!” ಎಂದು ಒಬ್ಬರು ಕಣ್ಣು ಒರೆಸಿಕೊಂಡರು. ಸಿಲೋನಿನವಳು, ರಾವಣನ ಊರಿನವಳು ಎಂದವರೆಲ್ಲ ಅರ್ಧ ಗಳಿಗೆಯಲ್ಲಿ ‘ನಮ್ಮವಳೇ’ ಎಂದರು. ಅಂತೂ ಅವಳಿಗೊಂದು ಮೂಲ ಸಿಕ್ಕಿತು, ಅದೂ ಅವಳೇ ತೋಡಿಸಿದ ಹೊಂಡದಲ್ಲಿ.

ಅವಳು ಎಲ್ಲವನ್ನೂ ಕೈ ಕಟ್ಟಿ ನಿಂತು ಕೇಳಿದಳು. ಕೇಳಿ, ಬಹಳ ಗೌರವದಿಂದ ಒಂದು ಸಂಶಯ ಎತ್ತಿದಳು.

“ಜೋಯ್ಸ್ರೆ, ಹಂಗಾರೆ ನಮ್ ಮನಿ ಮೇಲ್ ಬಾಂಬ್ ಹಾಕ್ಸದ್ದೂ ಅವ್ನೇಯಾ?”

ಜೋಯಿಸರು ಕವಡೆಗಳನ್ನು ಒಂದು ಸಲ ಸುಮ್ಮನೆ ಒಟ್ಟು ಮಾಡಿದರು. “ಅದ್ ನಿಮಿತ್ತ ಅಮ್ಮ” ಅಂದರು.

“ಹಾಂ” ಎಂದು ಅವಳು ತಲೆಯಾಡಿಸಿದಳು. ಇಡೀ ಒಂದು ಯುದ್ಧ, ಸತ್ತವರು, ಮುಳುಗಿದ ದೋಣಿಗಳು, ಶಿಬಿರದ ಅಷ್ಟೂ ವರ್ಷ, ಎಲ್ಲ ಬೀಜಾಡಿಯ ಒಂದು ಹಿತ್ತಿಲಿಗೆ ಇವಳನ್ನು ತಲುಪಿಸಲಿಕ್ಕೆ ನಡೆಯಿತು ಎಂದರೆ! ನನ್ನ ಐದು ಕಾರಣಗಳೇ ವಾಸಿ.

ಪರಿಹಾರವನ್ನೂ ಜೋಯಿಸರೇ ಹೇಳಿದರು. ಇಲ್ಲಿ ಕಬ್ಬಿಣ ತಾಗಿಸಬಾರದು. ಸುತ್ತಮುತ್ತ ದೊಡ್ಡ ಶಬ್ದ ಆಗಬಾರದು, ನಾಗನಿಗೆ ಆಗುವುದಿಲ್ಲ. ಸಿಡಿಮದ್ದಂತೂ ಕೂಡದು. ನಾನು ಅಭ್ಯಾಸಬಲದಿಂದ, ಹಾವಿಗೆ ನಮ್ಮ ಹಾಗೆ ಕಿವಿಯೇ ಇಲ್ಲವಲ್ಲ ಎಂದುಬಿಟ್ಟೆ. “ನೀವ್ ಸಮಾಜ ವಿಜ್ಞಾನದವ್ರಲ್ದಾ ಟೀಚ್ರೆ, ವಿಜ್ಞಾನ ಎಂತಕ್ ನಿಮ್ಗೆ?” ಎಂದು ಅಧ್ಯಕ್ಷರು ಗದರಿದರು. ಅಷ್ಟರಲ್ಲಿ ನನ್ನ ಮೊಣಕೈ ಹತ್ತಿರ ಯಾರೋ ಬಲವಾಗಿ ಚಿವುಟಿದರು. ತಿರುಗಿ ನೋಡಿದರೆ ಅವಳು, ಕಣ್ಣು ಮಾತ್ರ ಜೋಯಿಸರ ಮೇಲೆ.

ಹಾಗೆ ಆ ಹಳದಿ ಬೋರ್ಡು ಬಂತು. ಆ ವರ್ಷದ ದೀಪಾವಳಿಗೆ ನಮ್ಮ ಓಣಿಯಲ್ಲಿ ಒಂದು ಸುರುಸುರು ಕಡ್ಡಿ ಬಿಟ್ಟರೆ ಬೇರೇನೂ ಉರಿಯಲಿಲ್ಲ. ದಿಬ್ಬಣಗಳು ತಿರುವಿನಿಂದಲೇ ಬ್ಯಾಂಡು ನಿಲ್ಲಿಸಿ, ಕಳ್ಳರ ಹಾಗೆ ನಡೆದು ಹೋದವು. ಅವಳು ಜಗಲಿಯಲ್ಲಿ ಕೂತು ಚಹಾ ಕುಡಿದಳು. ಕುಕ್ಕರಿನ ಸೀಟಿಗೆ, ಬಾಗಿಲು ಗಾಳಿಗೆ ಬಡಿದದ್ದಕ್ಕೆ ಆಗಲೂ ಬೆಚ್ಚಿಬೀಳುತ್ತಿದ್ದಳು. ಬೋರ್ಡು ಹಾಕಿದ ಮಾತ್ರಕ್ಕೆ ಒಳಗಿನ ಶಬ್ದ ನಿಲ್ಲುತ್ತದೆಯೇ? ಆದರೂ ಮುಖದಲ್ಲಿ ಸ್ವಲ್ಪ ಬಣ್ಣ ಬಂದಿತ್ತು. ಅಧ್ಯಕ್ಷರು ತಮ್ಮ ಹೋಂ ಸ್ಟೇ ಜಾಹೀರಾತಿನಲ್ಲಿ ‘ಪ್ರಶಾಂತ ವಾತಾವರಣ, ಪಕ್ಕದಲ್ಲೇ ಪುರಾತನ ನಾಗಬನ’ ಎಂದು ಸೇರಿಸಿದರು. ಬನ ಅವರ ಕಟ್ಟಡಕ್ಕಿಂತ ಚಿಕ್ಕ ವಯಸ್ಸಿನದು.

ಒಂದೇ ತೊಂದರೆ ಆಯಿತು. ನಾಗನ ಜಾಗವಾದ ಮೇಲೆ ಹೊಂಡದ ಬಾಯಿಗೆ ಕೆಂಪು ಕಲ್ಲು ಕಟ್ಟಿ, ಎದುರು ನಾಗನ ಕಲ್ಲು ನಿಲ್ಲಿಸಿದರು. ಒಳಗೆ ಯಾರೂ ಹೋಗುವಂತಿಲ್ಲ, ಅವಳೂ ಕೂಡ. ಮುಸ್ಸಂಜೆ ಮೆಟ್ಟಿಲಲ್ಲಿ ನಿಲ್ಲುತ್ತಿದ್ದವಳು ಈಗ ಒಂದು ದೀಪ ಹಿಡಿದು ಅಲ್ಲಿ ಹೋಗಿ ನಿಲ್ಲತೊಡಗಿದಳು. ಒಂದು ಸಂಜೆ ಗೋಡೆಯ ಹತ್ತಿರ ಬಂದು ಕೇಳಿದಳು: “ಅಕ್ಕ, ಇನ್ ಎಂತಾರೂ ಆರೆ ಇವ್ರೆಲ್ಲ ಎಲ್ಲಿಗ್ ಹೋತ್ರ್?”

“ಬೀಜಾಡಿಗ್ ಯಾರ್ ಬಾಂಬ್ ಹಾಕ್ತ್ರ್ ಮಾರಾಯ್ತಿ?” ಎಂದು ನಕ್ಕೆ.

“ನಮ್ಮೂರಂಗೂ ಹಾಂಗೇ ಹೇಳ್ತಿದ್ರ್” ಅಂದಳು.

ಇವ್ರೆಲ್ಲ ಎಂದದ್ದು ಯಾರನ್ನು ಎಂದು ಗೊತ್ತಾದದ್ದು ಈ ಮಳೆಗಾಲದಲ್ಲಿ. ಅವಳಿಗೆ ಜಾಂಡೀಸು ಏರಿತ್ತು. ಹಳ್ಳಿಮದ್ದು ಮುಗಿಸಿ ಕುಂದಾಪುರದ ಆಸ್ಪತ್ರೆಗೆ ಹೋಗುವಾಗ ತಡವಾಗಿತ್ತು. ಒಂದು ಮಧ್ಯಾಹ್ನ ನಾನು ಗಂಜಿ ತೆಗೆದುಕೊಂಡು ಹೋದಾಗ ವಾರ್ಡಿನ ಮಂಚದ ಮೇಲೆ ಕಾಲು ಮಡಚಿಕೊಂಡು ಮಲಗಿದ್ದಳು. “ಒಂದ್ ಗಳ್ಗಿ ಕಾಲ್ ಚಾಚ್ ಹೆಣ್ಣೆ, ನೋವ್ ಬತ್ತ್” ಎಂದು ನಾನೇ ನೇರ ಮಾಡಲು ಹೋದೆ. ಅವಳು ನನ್ನ ಕೈ ಹಿಡಿದು ತಡೆದಳು. ಆಮೇಲೆ ತಾನಾಗಿಯೇ ಹೇಳಿದಳು. ನಾನು ಕೇಳಿರಲಿಲ್ಲ.

“ನಮ್ ಹಿತ್ಲಂಗೂ ಹೊಂಡ ಇದ್ದಿತ್ತ್ ಅಕ್ಕ, ಅಪ್ಪಯ್ಯ ತೋಡದ್. ವಿಮಾನ ಬಂದ್ರೆ ಎಲ್ರೂ ಅದ್ರೊಳ್ಗೆ. ಒಂದಿನ ನಾವ್ ಇಳ್ದ್ ಕೂತಾಯ್ತ್, ಪಕ್ಕದ್ ಮನಿ ಹೆಣ್ಣ್ ಓಡ್ಕಂಡ್ ಬಂತ್, ಅದ್ರ ಅಜ್ಜಿ ಕೈ ಹಿಡ್ಕಂಡ್. ಶಾಲಿಯಾಗೆ ನಂಗೂ ಅದ್ಕೂ ಒಂದೇ ಬೆಂಚ್. ಅಪ್ಪಯ್ಯ ಕೆಟ್ಟೋರಲ್ಲ. ಇಲ್ಲಿ ಜಾಗ ಇಲ್ಲೆ, ಆಚೆ ಮನಿಗ್ ಓಡಿ ಅಂದ್ರ್. ಅವು ಓಡ್ದೊ. ಆಚೆ ಮನಿಗ್ ಮುಟ್ಲಿಲ್ಲೆ.”

ವಾರ್ಡಿನಲ್ಲಿ ಯಾರದೋ ಮೊಬೈಲಿನಲ್ಲಿ ಯಕ್ಷಗಾನದ ಚೆಂಡೆ ಕೇಳುತ್ತಿತ್ತು.

“ಜಾಗ ಇದ್ದಿತ್ತ್ ಅಕ್ಕ. ನಾನ್ ಕಾಲ್ ಚಾಚ್ಕಂಡ್ ಕೂತಿದ್ದೆ. ಮಡ್ಚಿರೆ ಆತಿತ್ತ್.”

ಗಂಜಿಯ ಪಾತ್ರೆ ಹಿಡಿದುಕೊಂಡು ಅತ್ತುಬಿಟ್ಟೆ. ಅವಳೇ ನನ್ನ ಬೆನ್ನು ಸವರಿದಳು. ಬೀಜಾಡಿಯ ಹೊಂಡವನ್ನು ಅಷ್ಟು ದೊಡ್ಡದಾಗಿ ತೋಡಿಸಿದ್ದು ನಮಗೆಲ್ಲ ಸೇರಿಸಿ. ಓಣಿಯ ಮುದುಕಿಯರು, ಟ್ಯೂಷನ್ ಮಕ್ಕಳು, ನಾನು, ಸಂಘದ ಹುಡುಗರು, ಎಲ್ಲರಿಗೂ ಒಳಗೆ ಜಾಗ ಹಿಡಿದಿಟ್ಟಿದ್ದಳು. “ಅಧ್ಯಕ್ಷ್ರಿಗೂ?” ಎಂದು ಕೇಳಿದೆ. “ಅವ್ರ್ ಸಲ್ಪ ದಪ್ಪ ಅಲ್ದಾ, ಅವ್ರಿಗೆ ಒಂದೂವರಿ ಜಾಗ ಬಿಟ್ಟಿದ್ದೆ” ಅಂದಳು. ಅವಳು ನಕ್ಕದ್ದಕ್ಕೆ ನಾನೂ ನಕ್ಕೆ. ಆ ಧೈರ್ಯದ ಮೇಲೆ ಇಷ್ಟು ವರ್ಷ ನನ್ನ ನಾಲಿಗೆಯ ತುದಿಯಲ್ಲಿದ್ದ ಪ್ರಶ್ನೆಯನ್ನೂ ಕೇಳಿದೆ. ಅವತ್ತು ಹೊಂಡದಲ್ಲಿ ನಿಜವಾಗಿ ಹಾವು ಇತ್ತೇ?

“ಅಷ್ಟ್ ಜನಕ್ಕ್ ಜಾಗ ಇತ್ತ್ ಅಕ್ಕ” ಅಂದಳು, “ಒಂದ್ ಹಾವಿಗ್ ಇಲ್ದೇ ಹೋತಾ?”

ಅವಳು ಹೋದ ದಿನ ಅಧ್ಯಕ್ಷರು ಸಂಘದವರನ್ನು ಕರೆದುಕೊಂಡು ಬಂದರು. ಗೌರವ ಸಲ್ಲಿಸಬೇಕು, ಆದರೆ ಗರ್ನಾಲು ಹೊಡೆಯುವಂತಿಲ್ಲ, ಬೇರೆ ರೀತಿಯ ಗೌರವ ಅವರಿಗೆ ಗೊತ್ತಿಲ್ಲ. ತಮ್ಮೊಳಗೆ ಪಿಸುಗುಟ್ಟಿಕೊಂಡು, ಕೊನೆಗೆ ಎಲ್ಲರೂ ಮೊಬೈಲುಗಳನ್ನು ಸೈಲೆಂಟಿಗೆ ಹಾಕಿ ಸಾಲಾಗಿ ನಿಂತರು. ಅವರು ಇದುವರೆಗೆ ಮಾಡಿದ ಸನ್ಮಾನಗಳಲ್ಲಿ ಅದೇ ಒಳ್ಳೆಯದು ಎಂದು ನನ್ನ ಅಭಿಪ್ರಾಯ.

ಉತ್ತರಕ್ರಿಯೆಯ ಊಟ ಕೋಟೇಶ್ವರದ ಒಂದು ಸಣ್ಣ ಛತ್ರದಲ್ಲಿ. ಇಷ್ಟು ಜನ ಬರುತ್ತಾರೆಂದು ಅವಳ ಗಂಡ ಅಂದುಕೊಂಡಿರಲಿಲ್ಲ. ಟ್ಯೂಷನ್ ಕಲಿತ ಮಕ್ಕಳು ತಮ್ಮ ಮಕ್ಕಳನ್ನು ಎತ್ತಿಕೊಂಡು ಬಂದಿದ್ದವು. ಮೊದಲ ಪಂಕ್ತಿಯಲ್ಲಿ ನನಗೊಂದು ಕುರ್ಚಿ ಸಿಕ್ಕಿತು. ಅನ್ನ ಬಡಿಸಿ ಆಗುವಷ್ಟರಲ್ಲಿ ನಮ್ಮ ಪದ್ಧತಿಯಂತೆ ಬೆನ್ನ ಹಿಂದೆ ಒಬ್ಬರು ಬಂದು ಕುರ್ಚಿ ಹಿಡಿದು ನಿಂತರು. ಉಸಿರು ನನ್ನ ಕುತ್ತಿಗೆಗೆ ತಾಗುತ್ತಿತ್ತು. ಅರವತ್ತು ವರ್ಷ ಇಂಥ ಉಸಿರುಗಳ ಮುಂದೆ ಆರಾಮವಾಗಿ ಪಾಯಸ ಕುಡಿದವಳು ನಾನು. ಅವತ್ತು ಕೈಯ ಮೊದಲ ತುತ್ತನ್ನು ಎಲೆಗೇ ಇಳಿಸಿದೆ. ತಿರುಗಿ ನೋಡಿದೆ. ಅಧ್ಯಕ್ಷರು.

ನಾನು ಕಾಲು ಮಡಚಿ, ಕುರ್ಚಿಯ ತುದಿಗೆ ಸರಿದೆ.

“ಹ್ವಾಯ್, ಬನ್ನಿ. ಒತ್ತಿ ಕೂಕಂಡ್ರೆ ಜಾಗ ಇತ್ತ್.”

ಅವರು ನನಗೆ ತಲೆ ಕೆಟ್ಟಿದೆಯೋ ಎಂಬಂತೆ ನೋಡಿದರು. ಎಲೆಯನ್ನು ನೋಡಿದರು, ಗೋಡೆಗೆ ಒರಗಿ ನಿಂತಿದ್ದ ಅವಳ ಗಂಡನನ್ನು ನೋಡಿದರು. ಆಮೇಲೆ ಬಂದು ನನ್ನ ಪಕ್ಕದಲ್ಲಿ ಕೂತರು. ಪ್ಲಾಸ್ಟಿಕ್ ಕುರ್ಚಿ ಒಮ್ಮೆ ನರಳಿತು. ಬಡಿಸುವವನು ಅವರ ಮುಂದೆಯೂ ಒಂದು ಎಲೆ ಹಾಕಿದ.